ನೈನರ್ಸ್ ಮ್ಯಾಚ್ ನೋಡೋದು ಹೇಗೆ? ಮೊದಲು ಆಂಟೆನಾ, ಆಮೇಲೆ ರೇಡಿಯೋ, ದುಡ್ಡು ಕೊನೆಗೆ

ಸೆಪ್ಟೆಂಬರ್ ಬಂತೆಂದರೆ ಅಮೆರಿಕದ ಬೇ ಏರಿಯಾದ, ಅಂದರೆ ಸ್ಯಾನ್ ಫ್ರಾನ್ಸಿಸ್ಕೋ ಸುತ್ತಲಿನ ಸನಿವೇಲ್, ಸ್ಯಾಂಟಾ ಕ್ಲಾರಾ, ಫ್ರೀಮಾಂಟ್ ಕಡೆಯ ನಮ್ಮ ಗುಂಪುಗಳಲ್ಲಿ ಭಾನುವಾರ ಬೆಳಿಗ್ಗೆ ಒಂದೇ ಪ್ರಶ್ನೆ. "ಇವತ್ತು ನೈನರ್ಸ್ ಮ್ಯಾಚ್ ಯಾವುದರಲ್ಲಿ ಬರುತ್ತೆ?" ಒಬ್ಬರು ಒಂದು ಆ್ಯಪ್ ಹೆಸರು ಹೇಳುತ್ತಾರೆ, ಇನ್ನೊಬ್ಬರು ಮತ್ತೊಂದು. ಅಷ್ಟರಲ್ಲಿ ಮೊದಲ ಕ್ವಾರ್ಟರ್ ಮುಗಿದಿರುತ್ತದೆ.

ಊರಿನಿಂದ ಹೊಸದಾಗಿ ಬಂದವರಿಗೆ ಒಂದು ಮಾತು. ಇಲ್ಲಿ ಫುಟ್‌ಬಾಲ್ ಅಂದರೆ ಎರಡೂ ತುದಿ ಚೂಪಾದ ಚೆಂಡನ್ನು ಕಂಕುಳಲ್ಲಿ ಇಟ್ಟುಕೊಂಡು ಓಡುವ ಆಟ. ನಾವು ಫುಟ್‌ಬಾಲ್ ಅನ್ನುವುದು ಇಲ್ಲಿಯವರಿಗೆ ಸಾಕರ್. ನಮ್ಮಪ್ಪ ಶಿವಮೊಗ್ಗದಿಂದ ಮೊದಲ ಸಲ ಬಂದಾಗ ಅರ್ಧ ಗಂಟೆ ನೋಡಿ, "ಇದರಲ್ಲಿ ಕಾಲಿಗೆ ಏನಪ್ಪಾ ಕೆಲಸ?" ಎಂದು ಕೇಳಿದ್ದರು. ನ್ಯಾಯವಾದ ಪ್ರಶ್ನೆಯೇ.

ತಂಡದ ಪೂರ್ತಿ ಹೆಸರು ಸ್ಯಾನ್ ಫ್ರಾನ್ಸಿಸ್ಕೋ ಫಾರ್ಟಿ ನೈನರ್ಸ್. 1849ರ ಚಿನ್ನದ ಬೇಟೆಗೆ ಕ್ಯಾಲಿಫೋರ್ನಿಯಾಕ್ಕೆ ಬಂದವರನ್ನು ಹಾಗೆ ಕರೆಯುತ್ತಿದ್ದರು, ಅದೇ ಹೆಸರು ತಂಡಕ್ಕೂ ಬಂತು. ತಂಡ ಶುರುವಾಗಿದ್ದು 1946ರಲ್ಲಿ. ಹೆಸರು ಸ್ಯಾನ್ ಫ್ರಾನ್ಸಿಸ್ಕೋದ್ದಾದರೂ 2014ರಿಂದ ಆಡುತ್ತಿರುವುದು ಸ್ಯಾಂಟಾ ಕ್ಲಾರಾದ ಲೀವೈಸ್ ಸ್ಟೇಡಿಯಂನಲ್ಲಿ. ಅಂದರೆ ನಮ್ಮಲ್ಲಿ ಬಹಳ ಜನರ ಆಫೀಸಿನ ಪಕ್ಕದಲ್ಲೇ.

ಈ ಬರಹ ನೈನರ್ಸ್ ಬಗ್ಗೆ ಇದ್ದರೂ, ಚಾನೆಲ್ ನಂಬರ್ ಬದಲಾಯಿಸಿಕೊಂಡರೆ ಎನ್‌ಎಫ್‌ಎಲ್ ಅನ್ನುವ ಅಮೆರಿಕದ ಫುಟ್‌ಬಾಲ್ ಲೀಗ್‌ನ ಯಾವ ತಂಡಕ್ಕೂ ಬಹುಪಾಲು ಹೊಂದುತ್ತದೆ.

ಮೊದಲು ಗೊಂದಲ ಯಾಕೆ ಅಂತ ತಿಳಿಯೋಣ

ಐಪಿಎಲ್ ನೋಡಿ ಬೆಳೆದ ನಮಗೆ ಒಂದು ಅಭ್ಯಾಸ ಆಗಿದೆ. ಒಂದು ಟೂರ್ನಿ ಅಂದರೆ ಟಿವಿಯಲ್ಲಿ ಒಂದು ಕಂಪನಿ, ಮೊಬೈಲಿನಲ್ಲಿ ಒಂದು ಆ್ಯಪ್. ಎನ್‌ಎಫ್‌ಎಲ್ ಹಾಗಲ್ಲ. ಇಲ್ಲಿ ಪ್ರಸಾರದ ಹಕ್ಕನ್ನು ವಾರದ ದಿನ, ಹೊತ್ತು ನೋಡಿ ತುಂಡು ತುಂಡಾಗಿ ಮಾರುತ್ತಾರೆ.

ಭಾನುವಾರ ಹಗಲಿನ ಮ್ಯಾಚ್‌ಗಳು ಫಾಕ್ಸ್ ಮತ್ತು ಸಿಬಿಎಸ್‌ಗೆ. ಭಾನುವಾರ ರಾತ್ರಿಯ ಒಂದು ಮ್ಯಾಚ್ ಎನ್‌ಬಿಸಿಗೆ. ಸೋಮವಾರ ರಾತ್ರಿ ಇಎಸ್‌ಪಿಎನ್, ಕೆಲವೊಮ್ಮೆ ಜೊತೆಗೆ ಎಬಿಸಿ. ಗುರುವಾರ ರಾತ್ರಿ 2022ರಿಂದ ಅಮೆಜಾನ್ ಪ್ರೈಮ್ ವಿಡಿಯೋ. ಕ್ರಿಸ್‌ಮಸ್ ದಿನದ ಕೆಲವು ಮ್ಯಾಚ್‌ಗಳು 2024ರಿಂದ ನೆಟ್‌ಫ್ಲಿಕ್ಸ್‌ನಲ್ಲಿ. ಒಂದು ಸೀಸನ್‌ನಲ್ಲಿ ಒಂದು ತಂಡಕ್ಕೆ 17 ಮ್ಯಾಚ್, 18 ವಾರ. ನೈನರ್ಸ್‌ನಂಥ ಹೆಸರಾದ ತಂಡ ಇವುಗಳಲ್ಲಿ ಬಹುಪಾಲು ಕಡೆ ಒಂದೊಂದು ಸಲ ಮುಖ ತೋರಿಸಿ ಬರುತ್ತದೆ.

ಭಾನುವಾರ ಹಗಲು ಫಾಕ್ಸೋ ಸಿಬಿಎಸ್ಸೋ ಅನ್ನುವುದಕ್ಕೆ ಹಳೆಯ ಲೆಕ್ಕ ಒಂದಿದೆ. ಲೀಗ್‌ನಲ್ಲಿ ಎನ್‌ಎಫ್‌ಸಿ, ಎಎಫ್‌ಸಿ ಅಂತ ಎರಡು ಭಾಗ. ಎನ್‌ಎಫ್‌ಸಿ ತಂಡಗಳು ಫಾಕ್ಸ್‌ಗೆ, ಎಎಫ್‌ಸಿ ತಂಡಗಳು ಸಿಬಿಎಸ್‌ಗೆ. ಎರಡೂ ಕಡೆಯ ತಂಡಗಳು ಎದುರಾದರೆ ಹೊರಗಿನಿಂದ ಬಂದ ತಂಡದ ಚಾನೆಲ್. ನೈನರ್ಸ್ ಎನ್‌ಎಫ್‌ಸಿ, ಆದ್ದರಿಂದ ಫಾಕ್ಸ್ ಜಾಸ್ತಿ. 2023ರ ಹೊಸ ಒಪ್ಪಂದದ ನಂತರ ಈ ಲೆಕ್ಕ ಸಡಿಲವಾಗಿದೆ. ಫಾಕ್ಸ್ ಅಂತ ಊಹಿಸಿ, ಆದರೆ ಒಮ್ಮೆ ನೋಡಿ ಖಚಿತ ಮಾಡಿಕೊಳ್ಳಿ.

ಹೆಜ್ಜೆ 1: ಮೇ ತಿಂಗಳಲ್ಲೇ ವೇಳಾಪಟ್ಟಿ ಇಳಿಸಿಕೊಳ್ಳಿ

ಮೇ ಮಧ್ಯದಲ್ಲಿ ಲೀಗ್ ಪೂರ್ತಿ ವೇಳಾಪಟ್ಟಿ ಹೊರಬೀಳುತ್ತದೆ. ತಂಡದ ವೆಬ್‌ಸೈಟಿನಿಂದ ಅದನ್ನು ಫೋನಿನ ಕ್ಯಾಲೆಂಡರ್‌ಗೆ ಸೇರಿಸಿಕೊಳ್ಳಿ. ಕಾಗದಕ್ಕೆ ಪ್ರಿಂಟ್ ತೆಗೆದು ಫ್ರಿಜ್ ಮೇಲೆ ಅಂಟಿಸಬೇಡಿ. ಯಾಕೆಂದರೆ ಹೊತ್ತು ಬದಲಾಗುತ್ತದೆ.

ಇದಕ್ಕೆ ಫ್ಲೆಕ್ಸ್ ಅನ್ನುತ್ತಾರೆ. ಭಾನುವಾರ ರಾತ್ರಿಗೆ ಇಟ್ಟ ಮ್ಯಾಚ್ ಸಪ್ಪೆ ಅನಿಸಿದರೆ, ಹಗಲಿನ ಒಳ್ಳೆಯ ಮ್ಯಾಚನ್ನು ಎತ್ತಿ ರಾತ್ರಿಗೆ ಹಾಕುತ್ತಾರೆ. ಸಾಮಾನ್ಯವಾಗಿ 12 ದಿನ ಮೊದಲು ಹೇಳುತ್ತಾರೆ. ಡಿಸೆಂಬರ್ ಹೊತ್ತಿಗೆ 6 ದಿನ ಮೊದಲು ಹೇಳಿದರೂ ಆಯಿತು. ಸೀಸನ್‌ನ ಕೊನೆಯ ವಾರದ ಹೊತ್ತಂತೂ ಹಿಂದಿನ ವಾರ ಮುಗಿದ ಮೇಲೇ ಗೊತ್ತಾಗುವುದು. ಡಿಸೆಂಬರ್‌ನಲ್ಲಿ ಮನೆಯಲ್ಲಿ ಸತ್ಯನಾರಾಯಣ ಪೂಜೆ ಇಟ್ಟುಕೊಳ್ಳುವವರು ಈ ಸಾಲನ್ನು ಎರಡು ಸಲ ಓದಿ.

ನಮ್ಮ ಕಡೆಯ ಗಡಿಯಾರದಲ್ಲಿ ನೆನಪಿಡಬೇಕಾದ ಹೊತ್ತು ಇಷ್ಟೇ. ತಂಡ ಪೂರ್ವ ಕರಾವಳಿಗೆ ಹೋದಾಗ ಸಾಮಾನ್ಯವಾಗಿ ಬೆಳಿಗ್ಗೆ 10ಕ್ಕೆ, ಅಂದರೆ ಭಾನುವಾರದ ದೋಸೆ ಹೊತ್ತಿಗೆ. ಲೀವೈಸ್‌ನಲ್ಲಿ ಆಡಿದರೆ ಮಧ್ಯಾಹ್ನ 1:05 ಅಥವಾ 1:25. ರಾತ್ರಿ ಮ್ಯಾಚ್ ಅಂದರೂ ನಮಗೆ ಸಂಜೆ 5:15, 5:20. ಎಲ್ಲವೂ ಮೂರು ಗಂಟೆಗಿಂತ ಸ್ವಲ್ಪ ಜಾಸ್ತಿ ನಡೆಯುತ್ತವೆ. ಗಡಿಯಾರದ ಆಟ 60 ನಿಮಿಷ ಮಾತ್ರ. ಉಳಿದದ್ದು ಜಾಹೀರಾತು, ಮರುಪ್ರಸಾರ, ದೊಡ್ಡ ಗಂಡಸರು ಸೊಂಟದ ಮೇಲೆ ಕೈ ಇಟ್ಟು ನಿಲ್ಲುವುದು.

ಹೆಜ್ಜೆ 2: ಬೇ ಏರಿಯಾದಲ್ಲಿದ್ದರೆ ಆಂಟೆನಾ ಕೊಳ್ಳಿ

ಹೌದು, ಆಂಟೆನಾ. ನಮ್ಮ ಬಾಲ್ಯದಲ್ಲಿ ದೂರದರ್ಶನಕ್ಕಾಗಿ ಹೆಂಚಿನ ಮೇಲೆ ಹತ್ತಿ ತಿರುಗಿಸುತ್ತಿದ್ದ ಅದೇ ವಸ್ತುವಿನ ಮೊಮ್ಮಗು. ಇಲ್ಲಿಗೆ ಬಂದ ಸಾಫ್ಟ್‌ವೇರ್ ಜನಕ್ಕೆ ಇದು ಹೊಳೆಯುವುದೇ ಇಲ್ಲ. ಅಮೆರಿಕದಲ್ಲಿ ಫಾಕ್ಸ್, ಸಿಬಿಎಸ್, ಎನ್‌ಬಿಸಿ, ಎಬಿಸಿ ನಾಲ್ಕೂ ಗಾಳಿಯಲ್ಲಿ ಪುಕ್ಕಟೆ ಬರುತ್ತವೆ. ಚಿತ್ರ ಎಚ್‌ಡಿ. ಆಂಟೆನಾಗೆ 20ರಿಂದ 40 ಡಾಲರ್, ಒಂದೇ ಸಲ. ತಿಂಗಳ ಬಿಲ್ ಇಲ್ಲ.

ನಮ್ಮ ಕಡೆಯ ನಂಬರ್ ಬರೆದಿಟ್ಟುಕೊಳ್ಳಿ. ಫಾಕ್ಸ್ ಅಂದರೆ ಕೆಟಿವಿಯು, ಚಾನೆಲ್ 2. ಸಿಬಿಎಸ್ ಅಂದರೆ ಕೆಪಿಐಎಕ್ಸ್, 5. ಎಬಿಸಿ ಅಂದರೆ ಕೆಜಿಒ, 7. ಎನ್‌ಬಿಸಿ ಅಂದರೆ ಕೆಎನ್‌ಟಿವಿ, 11.

ಇನ್ನೂ ಒಂದು ಗುಟ್ಟು ಇದೆ, ಬಹಳ ಜನಕ್ಕೆ ತಿಳಿಯದ್ದು. ಇಎಸ್‌ಪಿಎನ್, ಅಮೆಜಾನ್, ನೆಟ್‌ಫ್ಲಿಕ್ಸ್, ಎನ್‌ಎಫ್‌ಎಲ್ ನೆಟ್‌ವರ್ಕ್‌ಗೆ ಮಾರಿದ ಮ್ಯಾಚನ್ನೂ ಆಡುವ ಎರಡು ತಂಡಗಳ ಸ್ವಂತ ಊರಿನಲ್ಲಿ ಒಂದು ಪುಕ್ಕಟೆ ಚಾನೆಲ್‌ನಲ್ಲಿ ತೋರಿಸಲೇಬೇಕು. ಅದು ಲೀಗ್‌ನ ನಿಯಮ. ಹಾಗಾಗಿ ಗುರುವಾರ ರಾತ್ರಿ ನೈನರ್ಸ್ ಆಡಿದರೆ ಸ್ಯಾನ್ ಹೋಸೆಯಲ್ಲಿ ಕೂತವರಿಗೆ ಪ್ರೈಮ್ ಬೇಕಿಲ್ಲ. ಆ ವಾರ ಯಾವ ಚಾನೆಲ್ ಅನ್ನುವುದನ್ನು ಮಾತ್ರ ತಂಡದ ವೆಬ್‌ಸೈಟಿನಲ್ಲಿ ನೋಡಿಕೊಳ್ಳಬೇಕು. ಲೆಕ್ಕ ಹಾಕಿ: ಬೇ ಏರಿಯಾದಲ್ಲಿರುವವನಿಗೆ ಒಂದು ಆಂಟೆನಾದಲ್ಲೇ 17ಕ್ಕೆ 17 ಮ್ಯಾಚ್ ಸಿಗುತ್ತವೆ.

ಈಗ ಹಾಕುವ ಕ್ರಮ.

ಅಮೆರಿಕದ ಪ್ರಸಾರ ಇಲಾಖೆಯಾದ ಎಫ್‌ಸಿಸಿಯ ವೆಬ್‌ಸೈಟಿನಲ್ಲಿ ಡಿಟಿವಿ ನಕ್ಷೆ ಇದೆ. ನಿಮ್ಮ ಮನೆ ವಿಳಾಸ ಹಾಕಿ. ಯಾವ ಚಾನೆಲ್ ಯಾವ ದಿಕ್ಕಿನಿಂದ, ಎಷ್ಟು ಬಲವಾಗಿ ಬರುತ್ತದೆ ಅಂತ ತೋರಿಸುತ್ತದೆ. ಇಲ್ಲಿಯ ಬಹುಪಾಲು ಚಾನೆಲ್‌ಗಳು ಬರುವುದು ಸ್ಯಾನ್ ಫ್ರಾನ್ಸಿಸ್ಕೋ ಗುಡ್ಡದ ಮೇಲಿನ ಸೂಟ್ರೋ ಟವರ್‌ನಿಂದ. ತ್ರಿಶೂಲದ ಹಾಗೆ ಕಾಣುವ, ಕೆಂಪು ಬಿಳಿ ಬಣ್ಣದ, 977 ಅಡಿ ಎತ್ತರದ ಗೋಪುರ. ಎನ್‌ಬಿಸಿ ಮಾತ್ರ ಬೇರೆ, ಅದು ಸ್ವಲ್ಪ ದಕ್ಷಿಣದ ಸ್ಯಾನ್ ಬ್ರೂನೋ ಬೆಟ್ಟದಿಂದ. ಸನಿವೇಲ್, ಸ್ಯಾಂಟಾ ಕ್ಲಾರಾದಲ್ಲಿ ಕೂತವರಿಗೆ ಎರಡೂ ವಾಯವ್ಯಕ್ಕೇ ಸಿಗುತ್ತವೆ. ಆ ಕಡೆಯ ಕಿಟಕಿ ಹುಡುಕಿ.

ಆಂಟೆನಾದ ವೈರನ್ನು ಟಿವಿ ಹಿಂದಿನ ದುಂಡನೆಯ ತಿರುಪು ಜಾಗಕ್ಕೆ ಸಿಕ್ಕಿಸಿ. ಟಿವಿ ಸೆಟ್ಟಿಂಗ್ಸ್‌ಗೆ ಹೋಗಿ, ಆಂಟೆನಾ ಅಂತ ಆರಿಸಿ, ಚಾನೆಲ್ ಸ್ಕ್ಯಾನ್ ಒತ್ತಿ. ಐದು ಹತ್ತು ನಿಮಿಷ ಬಿಡಿ. ಚೀನೀ, ಸ್ಪ್ಯಾನಿಷ್, ವಿಯೆಟ್ನಾಮಿ ಚಾನೆಲ್‌ಗಳೂ ಸೇರಿ ಒಂದು ರಾಶಿ ಬರುತ್ತದೆ. 2, 5, 7, 11 ನಾಲ್ಕೂ ಬಂದವಾ ನೋಡಿ.

ಬಹಳ ಮನೆಗಳಲ್ಲಿ 2 ಮತ್ತು 5 ಚೆನ್ನಾಗಿ ಬರುತ್ತವೆ, 7 ಮತ್ತು 11 ಕೈಕೊಡುತ್ತವೆ. ಇದಕ್ಕೆ ಕಾರಣ ಇದೆ. ಮೊದಲೆರಡು ಯುಎಚ್‌ಎಫ್ ತರಂಗ, ಕೊನೆಯೆರಡು ವಿಎಚ್‌ಎಫ್. ವಿಎಚ್‌ಎಫ್ ತರಂಗ ಉದ್ದ, ಅದನ್ನು ಹಿಡಿಯಲು ಉದ್ದದ ಕಡ್ಡಿ ಬೇಕು. ಕಾಗದದಂತೆ ಕಿಟಕಿಗೆ ಅಂಟಿಸುವ ಚಪ್ಪಟೆ ಆಂಟೆನಾಗಳು ಇಲ್ಲೇ ಸೋಲುವುದು. ಭಾನುವಾರ ರಾತ್ರಿಯ, ಎಷ್ಟೋ ಸಲ ಸೋಮವಾರ ರಾತ್ರಿಯ ದೊಡ್ಡ ಮ್ಯಾಚ್‌ಗಳು ಬರುವುದು ಈ ಎರಡರಲ್ಲೇ, ನೋಡಿ! ಆದ್ದರಿಂದ ಕೊಳ್ಳುವಾಗಲೇ ಎರಡು ಉದ್ದ ಕಡ್ಡಿ ಇರುವ, ಮೊಲದ ಕಿವಿ ಅನ್ನುತ್ತಾರಲ್ಲ, ಆ ನಮೂನೆ ಕೊಳ್ಳಿ. ಕಡ್ಡಿಗಳನ್ನು ಪೂರ್ತಿ ಎಳೆದು, ಅಡ್ಡಡ್ಡ ಹರಡಿ.

ನಮ್ಮ ಮನೆಯಲ್ಲಿ ನಾನು ಎರಡು ವಾರ ಟಿವಿ ಹಿಂದೆ ಹೆಣಗಾಡಿದೆ. ಕೊನೆಗೆ ಹೆಂಡತಿ ಅದನ್ನು ಎತ್ತಿ ದೇವರ ಗೂಡಿನ ಪಕ್ಕದ ಕಿಟಕಿಯಲ್ಲಿಟ್ಟಳು. ನಾಲ್ಕೂ ಚಾನೆಲ್ ಕಣ್ಣು ಬಿಟ್ಟವು. ಅಂದಿನಿಂದ ಅದು ಅಲ್ಲೇ ಇದೆ, ಗಣಪತಿಯ ಪಕ್ಕದಲ್ಲಿ, ಹಬ್ಬದ ದಿನ ಅದಕ್ಕೂ ಒಂದು ಹೂವು ಬೀಳುತ್ತದೆ.

ಎಲ್ಲರಿಗೂ ಇದು ಒಗ್ಗುವುದಿಲ್ಲ. ಡಬ್ಲಿನ್, ಸ್ಯಾನ್ ರಮೋನ್, ಪ್ಲೆಸಂಟನ್ ಕಡೆಯವರಿಗೆ ಮಧ್ಯೆ ಬೆಟ್ಟ ಅಡ್ಡ. ಒಳಗಿನ ಆಂಟೆನಾ ಸಾಲದೆ ಹೋಗಬಹುದು. ಮಾಡಿನ ಮೇಲೆ ಹಾಕಬೇಕು, ಇಲ್ಲವೇ ಮುಂದಿನ ಹೆಜ್ಜೆಗೆ ಹೋಗಬೇಕು. ಅಂಗಡಿಯಲ್ಲಿ ವಾಪಸ್ ಕೊಡುವ ಅವಧಿ ಎಷ್ಟು ಅಂತ ಕೇಳಿಕೊಂಡೇ ಕೊಳ್ಳಿ.

ಹೆಜ್ಜೆ 3: ಆ್ಯಪ್ ಬೇಕೇ ಬೇಕು ಅನ್ನುವವರಿಗೆ

ಸ್ಥಳೀಯ ಚಾನೆಲ್ ಆ್ಯಪ್‌ಗಳಲ್ಲೂ ಸಿಗುತ್ತದೆ. ಸಿಬಿಎಸ್‌ಗೆ ಪ್ಯಾರಾಮೌಂಟ್ ಪ್ಲಸ್, ಎನ್‌ಬಿಸಿಗೆ ಪೀಕಾಕ್, ಫಾಕ್ಸ್‌ಗೆ 2025ರಲ್ಲಿ ಬಂದ ಫಾಕ್ಸ್ ಒನ್, ಇಎಸ್‌ಪಿಎನ್‌ಗೆ ಅದರದ್ದೇ ಆ್ಯಪ್. ಎಲ್ಲ ಕೊಂಡರೆ ತಿಂಗಳಿಗೆ ಕಾರಿನ ಇನ್ಶೂರೆನ್ಸ್ ಕಟ್ಟಿದಂತೆ ಆಗುತ್ತದೆ. ಯೂಟ್ಯೂಬ್ ಟಿವಿ, ಹುಲು ಲೈವ್, ಫ್ಯೂಬೋದಂಥ ಕಟ್ಟುಗಳಲ್ಲಿ ಬಹಳಷ್ಟು ಚಾನೆಲ್ ಒಟ್ಟಿಗೆ ಬರುತ್ತವೆ. ಅವಕ್ಕೆ ದುಡ್ಡು ಜಾಸ್ತಿ, ಆದರೆ ರೆಕಾರ್ಡ್ ಮಾಡುವ ಸೌಕರ್ಯ ಚೆನ್ನಾಗಿದೆ.

ಕಟ್ಟು ಕೊಂಡರೂ ಆಂಟೆನಾ ಬಿಸಾಡಬೇಡಿ. ಚಾನೆಲ್ ಮಾಲೀಕರಿಗೂ ಕಟ್ಟು ಮಾರುವವರಿಗೂ ಆಗಾಗ ದುಡ್ಡಿನ ಜಗಳ ಆಗುತ್ತದೆ. 2025ರ ಅಕ್ಟೋಬರ್ ಕೊನೆಯಿಂದ ನವೆಂಬರ್ ಮಧ್ಯದವರೆಗೆ ಡಿಸ್ನಿ ಮತ್ತು ಯೂಟ್ಯೂಬ್ ಟಿವಿ ನಡುವೆ ಹೀಗಾಗಿ ಡಿಸ್ನಿಯ ಚಾನೆಲ್‌ಗಳಾದ ಇಎಸ್‌ಪಿಎನ್, ಎಬಿಸಿ ಎರಡೂ ಅಲ್ಲಿಂದ ಮಾಯವಾಗಿದ್ದವು. ಎರಡು ಸೋಮವಾರ ಹೋದವು. ಆಂಟೆನಾ ಇದ್ದವರ ಮನೆಯಲ್ಲಿ ಎಬಿಸಿ ಮಾತ್ರ ಯಾವ ಜಗಳಕ್ಕೂ ಕಿವಿಗೊಡದೆ ಬರುತ್ತಿತ್ತು.

ಫೋನಿನಲ್ಲಿ ನೋಡಿದರೆ ಸಾಕು ಅನ್ನುವವರಿಗೆ ಎನ್‌ಎಫ್‌ಎಲ್ ಪ್ಲಸ್ ಅಂತ ಲೀಗ್‌ನದ್ದೇ ಆ್ಯಪ್ 2022ರಿಂದ ಇದೆ. ನೀವಿರುವ ಊರಿನ ಟಿವಿಯಲ್ಲಿ ಬರುವ ಮ್ಯಾಚ್ ಮತ್ತು ರಾತ್ರಿಯ ರಾಷ್ಟ್ರೀಯ ಮ್ಯಾಚ್ ಫೋನು, ಟ್ಯಾಬ್‌ನಲ್ಲಿ ಕಾಣುತ್ತದೆ. ದೊಡ್ಡ ಟಿವಿಗೆ ಲೈವ್ ಹೋಗುವುದಿಲ್ಲ ಅನ್ನುವುದೇ ಅದರ ಮಿತಿ. ಮಗಳ ಭರತನಾಟ್ಯದ ಕ್ಲಾಸಿನ ಹೊರಗೆ ಕಾರಿನಲ್ಲಿ ಕಾಯುವ ಅಪ್ಪಂದಿರಿಗೆ ಹೇಳಿ ಮಾಡಿಸಿದ್ದು.

ಆ್ಯಪ್‌ನಲ್ಲಿ ನೋಡಿದರೆ ಚಿತ್ರ ಅರ್ಧ ನಿಮಿಷ, ಒಮ್ಮೊಮ್ಮೆ ಒಂದು ನಿಮಿಷ ತಡ. ಪಕ್ಕದ ಮನೆಯವನದ್ದು ಆಂಟೆನಾ ಆಗಿದ್ದರೆ ಟಚ್‌ಡೌನ್, ಅಂದರೆ ಚೆಂಡನ್ನು ಎದುರಾಳಿಯ ಕೊನೆಯ ಗೆರೆ ದಾಟಿಸಿದ ಸಂಭ್ರಮ, ಮೊದಲು ಗೋಡೆಯ ಮೂಲಕ ಕೇಳುತ್ತದೆ. ಫೋನಿನ ಸ್ಕೋರ್ ನೋಟಿಫಿಕೇಶನ್ ಆಫ್ ಮಾಡಿ ಕೂರಿ.

ಹೆಜ್ಜೆ 4: ಬೇ ಏರಿಯಾ ಬಿಟ್ಟು ಹೋದವರು

ಆಸ್ಟಿನ್, ಡಲ್ಲಾಸ್, ನ್ಯೂಜೆರ್ಸಿಗೆ ಕೆಲಸ ಬದಲಾಯಿಸಿ ಹೋದರೂ ನೈನರ್ಸ್ ಬಿಡದ ಗೆಳೆಯರು ನನಗೆ ಬಹಳ ಇದ್ದಾರೆ. ಅವರದ್ದು ನಿಜವಾದ ಕಷ್ಟ. ಭಾನುವಾರ ಹಗಲು ಒಂದೇ ಹೊತ್ತಿಗೆ ಹಲವು ಮ್ಯಾಚ್ ನಡೆಯುತ್ತವೆ. ಯಾವ ಊರಿಗೆ ಯಾವುದು ಅನ್ನುವುದನ್ನು ಚಾನೆಲ್ ನಿರ್ಧರಿಸುತ್ತದೆ. ಡಲ್ಲಾಸ್‌ನವನಿಗೆ ಅಲ್ಲಿಯ ತಂಡ ಕೌಬಾಯ್ಸ್ ಮೊದಲು, ನಿಮ್ಮ ಪ್ರೀತಿ ಆಮೇಲೆ.

ಇದಕ್ಕೆ ಸಂಡೇ ಟಿಕೆಟ್ ಅಂತ ಪ್ಯಾಕೇಜ್ ಇದೆ, 2023ರಿಂದ ಯೂಟ್ಯೂಬ್ ಮಾರುತ್ತಿದೆ. ಸೀಸನ್‌ಗೆ ನೂರಾರು ಡಾಲರ್. ಇದರ ಬಗ್ಗೆ ಒಂದು ಮಾತನ್ನು ದಪ್ಪ ಅಕ್ಷರದಲ್ಲಿ ಬರೆಯಬೇಕು: ಸಂಡೇ ಟಿಕೆಟ್‌ನಲ್ಲಿ ನಿಮ್ಮೂರಿನ ಟಿವಿಯಲ್ಲಿ ಬರದ ಮ್ಯಾಚ್ ಮಾತ್ರ ಬರುತ್ತದೆ. ಸನಿವೇಲ್‌ನಲ್ಲಿ ಕೂತು ನೈನರ್ಸ್ ನೋಡಲು ಇದನ್ನು ಕೊಂಡರೆ ಉಳಿದ ಎಲ್ಲ ತಂಡಗಳೂ ಕಾಣುತ್ತವೆ, ನೈನರ್ಸ್ ಒಂದನ್ನು ಬಿಟ್ಟು. ಹೊಸಬರು ಮಾಡುವ ಅತಿ ದುಬಾರಿ ತಪ್ಪು ಇದೇ.

ಹೊರ ಊರಿನವರೂ ಕೊಳ್ಳುವ ಮುಂಚೆ ಬೆರಳು ಮಡಚಿ ಎಣಿಸಿ. ಗುರುವಾರ, ಭಾನುವಾರ ರಾತ್ರಿ, ಸೋಮವಾರದ ಮ್ಯಾಚ್‌ಗಳು ದೇಶಕ್ಕೆಲ್ಲ ಕಾಣುತ್ತವೆ, ಅದಕ್ಕೆ ಟಿಕೆಟ್ ಬೇಡ. ನೈನರ್ಸ್‌ಗೆ ಅಂಥವು ಸಾಮಾನ್ಯವಾಗಿ ನಾಲ್ಕೈದು ಇರುತ್ತವೆ. ಮಧ್ಯಾಹ್ನ 1:25ರ, ಅಂದರೆ ಪೂರ್ವದವರ 4:25ರ ದೊಡ್ಡ ಮ್ಯಾಚ್ ಕೂಡ ದೇಶದ ಬಹುಭಾಗಕ್ಕೆ ಹೋಗುತ್ತದೆ. ನಿಮ್ಮೂರಿನ ತಂಡದ ವಿರುದ್ಧ ಆಡಿದರೆ ಅದೂ ಸಿಗುತ್ತದೆ. ಉಳಿಯುವುದು ಎಷ್ಟು? ಐದಾರು ಮಾತ್ರ ಅಂದರೆ ಸ್ಪೋರ್ಟ್ಸ್ ಬಾರ್‌ಗೆ ಹೋಗಿ ಒಂದು ನಿಂಬೆ ಸೋಡಾ, ಒಂದು ತಟ್ಟೆ ಫ್ರೈಸ್ ತೆಗೆದುಕೊಂಡು ನೋಡುವುದೇ ಅಗ್ಗ. ಎಂ.ಎಸ್. ಮಾಡುತ್ತಿರುವ ಮಕ್ಕಳಿಗೆ ಸಂಡೇ ಟಿಕೆಟ್‌ನಲ್ಲಿ ವಿದ್ಯಾರ್ಥಿ ದರ ಇರುತ್ತದೆ, ಕೇಳಿ.

ಆ ವಾರ ನಿಮ್ಮೂರಿಗೆ ಯಾವ ಮ್ಯಾಚ್ ಅಂತ ತಿಳಿಯಲು 506 ಸ್ಪೋರ್ಟ್ಸ್ ಅನ್ನುವ ವೆಬ್‌ಸೈಟ್ ನೋಡಿ. ವಾರದ ಮಧ್ಯದಲ್ಲಿ ಅಮೆರಿಕದ ನಕ್ಷೆಗೆ ಬಣ್ಣ ಬಳಿದು ಹಾಕುತ್ತಾರೆ. ನಿಮ್ಮ ಊರಿನ ಬಣ್ಣ ನೋಡಿದರೆ ಮುಗಿಯಿತು. ಇನ್ನು ರೆಡ್ ಝೋನ್ ಅನ್ನುವ ಚಾನೆಲ್ ಇದೆ. ಎಲ್ಲ ಮ್ಯಾಚ್‌ಗಳ ಗೋಲಿನ ಹತ್ತಿರದ ಕ್ಷಣಗಳನ್ನು ಹಾರಿಹಾರಿ ತೋರಿಸುತ್ತದೆ. ಮಜಾ ಇದೆ, ಆದರೆ ಒಂದು ತಂಡವನ್ನು ಕೂತು ನೋಡುವವರಿಗೆ ಅದು ಊಟ ಅಲ್ಲ, ಚುರುಮುರಿ.

ಹೆಜ್ಜೆ 5: ರೇಡಿಯೋ, ನನ್ನ ಮೆಚ್ಚಿನ ಭಾಗ

ನಮ್ಮಪ್ಪನ ತಲೆಮಾರು ಆಕಾಶವಾಣಿಯ ಕ್ರಿಕೆಟ್ ಕಾಮೆಂಟರಿ ಕೇಳಿ ಬೆಳೆದದ್ದು. ಟ್ರಾನ್ಸಿಸ್ಟರ್ ಕಿವಿಗೆ ಹಚ್ಚಿಕೊಂಡು ಇಡೀ ಮೈದಾನವನ್ನು ತಲೆಯೊಳಗೆ ಕಟ್ಟುತ್ತಿದ್ದರು. ಅಮೆರಿಕದ ಫುಟ್‌ಬಾಲ್ ಅದಕ್ಕೆ ಇನ್ನೂ ಚೆನ್ನಾಗಿ ಒಗ್ಗುತ್ತದೆ. ಕ್ರಿಕೆಟ್‌ನಲ್ಲಿ ಒಂದೊಂದು ಬಾಲ್ ಇದ್ದಂತೆ ಇಲ್ಲಿ ಒಂದೊಂದು ಪ್ಲೇ. ನಡುವೆ ವರದಿಗಾರನಿಗೆ ಉಸಿರಾಡಲು ಸಮಯ ಇದೆ.

ಬೇ ಏರಿಯಾದಲ್ಲಿ ನೈನರ್ಸ್ ಮ್ಯಾಚ್ ಕೆಎನ್‌ಬಿಆರ್‌ನಲ್ಲಿ ಬರುತ್ತದೆ, ಎಎಂ 680, ಎಫ್‌ಎಂ 104.5. ದಿ ಬೋನ್ ಅನ್ನುವ ಎಫ್‌ಎಂ 107.7ರಲ್ಲೂ ಬರುತ್ತದೆ. ಪುಕ್ಕಟೆ, ನೋಂದಣಿ ಇಲ್ಲ, ಪಾಸ್‌ವರ್ಡ್ ಇಲ್ಲ. ಹಲವು ಎಲೆಕ್ಟ್ರಿಕ್ ಕಾರುಗಳಲ್ಲಿ ಎಎಂ ಇಲ್ಲ, ಅವರು ಎಫ್‌ಎಂ ಹಾಕಿಕೊಳ್ಳಿ. ಎಎಂ ಇದ್ದವರಿಗೆ ಒಂದು ಬೋನಸ್. 680 ಅನ್ನುವುದು 50,000 ವಾಟ್‌ನ ಸ್ಟೇಷನ್. ಎಎಂ ತರಂಗ ರಾತ್ರಿ ಹೊತ್ತು ಆಕಾಶದ ಮೇಲಿನ ಪದರಕ್ಕೆ ತಾಗಿ ಮತ್ತೆ ನೆಲಕ್ಕೆ ಬೀಳುತ್ತದೆ, ಹಾಗಾಗಿ ನೂರಾರು ಮೈಲಿ ಹೋಗುತ್ತದೆ. ಕತ್ತಲಾದ ಮೇಲೆ ಲಾಸ್ ಏಂಜಲಿಸ್‌ಗೆ ಐ-5 ಹೆದ್ದಾರಿಯಲ್ಲಿ ಹೋಗುವಾಗ ಎಫ್‌ಎಂ ಎಲ್ಲ ಉದುರಿಹೋಗಿ ಇದೊಂದು ಜೊತೆಗಿರುತ್ತದೆ. ಮನೆಯಲ್ಲಿ ಗೊರಗೊರ ಸದ್ದು ಬಂದರೆ ಫೋನ್ ಚಾರ್ಜರ್, ಎಲ್‌ಇಡಿ ದೀಪದಿಂದ ರೇಡಿಯೋ ದೂರ ಇಡಿ.

ಇಂಟರ್ನೆಟ್‌ನಲ್ಲಿ ಕೇಳುವುದಾದರೆ ಬೇರೆ ಕಥೆ. ಸ್ಟೇಷನ್‌ನ ಆ್ಯಪ್‌ಗೆ ಹೋದರೆ ದಿನವಿಡೀ ಹರಟೆ ಕೇಳುತ್ತದೆ, ಮ್ಯಾಚ್ ಶುರುವಾದ ಕೂಡಲೇ ಹೊರ ಊರಿನವರಿಗೆ ಬೇರೇನೋ ಬರುತ್ತದೆ. ಆ್ಯಪ್ ಕೆಟ್ಟಿಲ್ಲ, ಹಕ್ಕಿನ ಬೇಲಿ ಅಷ್ಟೇ. ಹೊರಗಿನವರು ಎನ್‌ಎಫ್‌ಎಲ್ ಪ್ಲಸ್‌ನ ಆಡಿಯೋ ಅಥವಾ ಸಿರಿಯಸ್ ಎಕ್ಸ್‌ಎಂ ಉಪಗ್ರಹ ರೇಡಿಯೋ ಹಿಡಿಯಬೇಕು. ಎರಡರಲ್ಲೂ ಎಲ್ಲ ಮ್ಯಾಚ್‌ಗಳ ಧ್ವನಿ ಸಿಗುತ್ತದೆ, ಯಾವ ತಂಡದ ವರದಿಗಾರ ಬೇಕು ಅಂತ ಆರಿಸಬಹುದು. ನಮ್ಮವರನ್ನೇ ಆರಿಸಿ. ಎದುರಾಳಿ ಊರಿನ ವರದಿಗಾರ ನಮ್ಮ ಸೋಲಿಗೆ ಕೇಕೆ ಹಾಕುವುದನ್ನು ದುಡ್ಡು ಕೊಟ್ಟು ಯಾಕೆ ಕೇಳಬೇಕು?

ಮೊದಲ ಸಲ ಕೇಳಿದಾಗ ಬರೀ ಅಂಕಿ ಕೇಳುತ್ತವೆ. ಅದಕ್ಕೆ ಒಂದು ಹಳೆಯ ಮ್ಯಾಚನ್ನೇ ಉದಾಹರಣೆಗೆ ತೆಗೆದುಕೊಳ್ಳೋಣ. 1982ರ ಜನವರಿ 10, ತಂಡದ ಆಗಿನ ಸ್ಟೇಡಿಯಂ ಕ್ಯಾಂಡಲ್‌ಸ್ಟಿಕ್ ಪಾರ್ಕ್, ಎದುರಿಗೆ ಡಲ್ಲಾಸ್. ನೈನರ್ಸ್ 21, ಡಲ್ಲಾಸ್ 27. 58 ಸೆಕೆಂಡ್ ಬಾಕಿ. ರೇಡಿಯೋದ ಮಾತಿನಲ್ಲಿ ಹೇಳಿದರೆ "ಥರ್ಡ್ ಅಂಡ್ ತ್ರೀ, ಡಲ್ಲಾಸ್ ಸಿಕ್ಸ್."

ಬಿಡಿಸಿ ನೋಡಿ. ಹತ್ತು ಗಜ ಮುಂದೆ ಹೋಗಲು ಒಂದು ತಂಡಕ್ಕೆ ನಾಲ್ಕು ಯತ್ನ. ಒಂದೊಂದಕ್ಕೂ ಡೌನ್ ಅಂತ ಹೆಸರು. ಥರ್ಡ್ ಅಂದರೆ ಇದು ಮೂರನೇ ಯತ್ನ. ಅಂಡ್ ತ್ರೀ ಅಂದರೆ ಹತ್ತರಲ್ಲಿ ಇನ್ನು ಮೂರು ಗಜ ಬಾಕಿ. ಡಲ್ಲಾಸ್ ಸಿಕ್ಸ್ ಅಂದರೆ ಚೆಂಡು ಇರುವುದು ಡಲ್ಲಾಸ್ ಕಾಯುತ್ತಿರುವ ಗೆರೆಯಿಂದ ಆರು ಗಜ ದೂರದಲ್ಲಿ. ಮೈದಾನ 100 ಗಜ ಉದ್ದ. ಆದರೆ ಅಂಕಿ ಎರಡೂ ಕಡೆಯಿಂದ 50ರವರೆಗೆ ಏರಿ ಅಲ್ಲಿಂದ ಇಳಿಯುತ್ತದೆ. ಆದ್ದರಿಂದ ಯಾರ ಕಡೆಯ ಗಜ ಅನ್ನುವುದನ್ನು ಮೊದಲು ಹಿಡಿದುಕೊಳ್ಳಬೇಕು.

ಜೋ ಮೊಂಟಾನಾ ಬಲಕ್ಕೆ ಓಡಿ ಎಸೆದ, ಡ್ವೈಟ್ ಕ್ಲಾರ್ಕ್ ಗೆರೆಯಾಚೆ ಎಗರಿ ಬೆರಳ ತುದಿಯಲ್ಲಿ ಹಿಡಿದ. ಟಚ್‌ಡೌನ್‌ಗೆ 6, ನಂತರದ ಒದೆತಕ್ಕೆ 1, ಒಟ್ಟು 28–27. ಆ ಕ್ಷಣಕ್ಕೆ ದಿ ಕ್ಯಾಚ್ ಅಂತಲೇ ಹೆಸರು. ಅದೇ ಸೀಸನ್‌ನಲ್ಲಿ ನೈನರ್ಸ್ ತಮ್ಮ ಮೊದಲ ಸೂಪರ್ ಬೌಲ್, ಅಂದರೆ ಲೀಗ್‌ನ ಫೈನಲ್, ಗೆದ್ದರು, ಮುಂದೆ ಇನ್ನೂ ನಾಲ್ಕು. ಅಪ್ಪನಿಗೆ ಈ ಕತೆ ಹೇಳಿದ ಮೇಲೆಯೇ ಅವರಿಗೆ ಆಟ ಹತ್ತಿದ್ದು. "ಥರ್ಡ್ ಅಂಡ್ ಸೆವೆನ್" ಎಂದು ರೇಡಿಯೋ ಅಂದರೆ ಈಗ ಅವರೇ "ಎಸೀಬೇಕು ಇವ್ನು" ಅನ್ನುತ್ತಾರೆ.

ಕಾಲಿಗೆ ಇರುವ ಕೆಲಸವೂ ಅವರಿಗೆ ಗೊತ್ತಾಯಿತು. ಗೋಲುಕಂಬಗಳ ನಡುವೆ ಒದ್ದರೆ ಫೀಲ್ಡ್ ಗೋಲ್, 3 ಅಂಕ. ನಾಲ್ಕನೇ ಯತ್ನದಲ್ಲಿ ಕೆಲಸ ಆಗುವುದಿಲ್ಲ ಅನಿಸಿದರೆ ಚೆಂಡನ್ನು ದೂರ ಒದ್ದು ಕೊಟ್ಟುಬಿಡುವುದು ಪಂಟ್. ಇವಿಷ್ಟರ ಜೊತೆ ಸ್ಯಾಕ್, ಫಂಬಲ್, ಇಂಟರ್‌ಸೆಪ್ಷನ್ ಅನ್ನುವ ಮೂರು ಪದ ತಿಳಿದರೆ ರೇಡಿಯೋ ಕೇಳಲು ಸಾಕು. ಎಸೆಯುವವನನ್ನು ಎಸೆಯುವ ಮೊದಲೇ ಕೆಡವಿದ್ದು ಸ್ಯಾಕ್, ಕೈಯಿಂದ ಚೆಂಡು ಜಾರಿದ್ದು ಫಂಬಲ್, ಎಸೆದದ್ದನ್ನು ಎದುರಾಳಿ ಹಿಡಿದದ್ದು ಇಂಟರ್‌ಸೆಪ್ಷನ್.

ಟಿವಿಯ ಸದ್ದು ಮುಚ್ಚಿ ರೇಡಿಯೋ ಹಾಕಿ ನೋಡುವವರೂ ಇದ್ದಾರೆ, ನಾನೂ ಅವರಲ್ಲೊಬ್ಬ. ರೇಡಿಯೋ ಸಾಮಾನ್ಯವಾಗಿ ಮುಂದಿರುತ್ತದೆ, ಚಿತ್ರ ಹಿಂದೆ. ಆ್ಯಪ್ ಚಿತ್ರವಾದರೆ ಹೊಂದಿಸುವ ಆಸೆ ಬಿಡಿ. ಆಂಟೆನಾ ಚಿತ್ರವಾದರೆ ಕೆಲವೇ ಸೆಕೆಂಡ್ ವ್ಯತ್ಯಾಸ. ಹತ್ತು ನಿಮಿಷದಲ್ಲಿ ಕಿವಿ ಒಗ್ಗಿಹೋಗುತ್ತದೆ.

ಸ್ಟೇಡಿಯಂಗೇ ಹೋಗುವುದಾದರೆ

ಮಕ್ಕಳನ್ನು ಒಮ್ಮೆ ಕರೆದುಕೊಂಡು ಹೋಗಿ. ವಿಟಿಎ ರೈಲು ಗ್ರೇಟ್ ಅಮೆರಿಕ ನಿಲ್ದಾಣದಲ್ಲಿ ಇಳಿಸುತ್ತದೆ, ಪಾರ್ಕಿಂಗ್ ದುಡ್ಡು ಉಳಿಯುತ್ತದೆ. ಬ್ಯಾಗು ಪಾರದರ್ಶಕವೇ ಆಗಿರಬೇಕು, 12 ಇಂಚು, 6 ಇಂಚು, 12 ಇಂಚಿನ ಒಳಗೆ. ಸೆಪ್ಟೆಂಬರ್‌ನ ಮಧ್ಯಾಹ್ನದ ಮ್ಯಾಚ್‌ಗೆ ಪೂರ್ವದ ಕಡೆಯ ಸೀಟು ಬೇಡ. ಬಿಸಿಲು ನೇರ ಮುಖಕ್ಕೆ, ನೆರಳು ಬರುವಷ್ಟರಲ್ಲಿ ಮ್ಯಾಚ್ ಮುಗಿದಿರುತ್ತದೆ. ಬಳ್ಳಾರಿಯವರಾದರೆ ಪರವಾಗಿಲ್ಲ.

ಹೆಜ್ಜೆ 6: ಡಿಸೆಂಬರ್‌ನಲ್ಲಿ ಊರಿಗೆ ಹೋದಾಗ

ಸೀಸನ್ ಕಾವೇರುವ ಹೊತ್ತಿಗೇ ನಾವು ರಜೆಗೆ ಹೊರಡುತ್ತೇವೆ. ಅಮೆರಿಕದ ಆ್ಯಪ್‌ಗಳು ಬೆಂಗಳೂರಿನಲ್ಲಿ ಇಳಿದ ಕೂಡಲೇ ಕೆಲಸ ನಿಲ್ಲಿಸುತ್ತವೆ. ಎನ್‌ಎಫ್‌ಎಲ್ ಪ್ಲಸ್‌ನದ್ದೂ ಅದೇ ಹಣೆಬರಹ. ಭಾರತದಲ್ಲಿ ಸಿಗುವುದು ಗೇಮ್ ಪಾಸ್ ಇಂಟರ್‌ನ್ಯಾಷನಲ್, 2023ರಿಂದ ಡಾಜೋನ್ ಅನ್ನುವ ಆ್ಯಪ್‌ನಲ್ಲಿ ಬರುತ್ತಿದೆ. ಅಮೆರಿಕದ ಬೇಲಿಗಳು ಅಲ್ಲಿಲ್ಲ. ಯಾವ ತಂಡದ ಮ್ಯಾಚ್ ಬೇಕಾದರೂ ಒಂದೇ ಕಡೆ. ಊರು ಬಿಟ್ಟು ಅಷ್ಟು ದೂರ ಬಂದವರಿಗೆ ನಾಲ್ಕಾರು ಆ್ಯಪ್, ಊರಲ್ಲಿ ಕೂತವರಿಗೆ ಒಂದೇ. ತಮಾಷೆ ಅಲ್ವಾ?

ತೊಂದರೆ ಗಡಿಯಾರದ್ದು. ನವೆಂಬರ್ ಮೊದಲ ಭಾನುವಾರ ಅಮೆರಿಕದವರು ಗಡಿಯಾರ ಒಂದು ಗಂಟೆ ಹಿಂದಿಡುತ್ತಾರೆ, ನಮ್ಮಲ್ಲಿ ಆ ಪದ್ಧತಿ ಇಲ್ಲ. ಹಾಗಾಗಿ ಭಾರತದ ಹೊತ್ತು ಹೀಗೆ ಬದಲಾಗುತ್ತದೆ. ಕ್ಯಾಲಿಫೋರ್ನಿಯಾದ ಬೆಳಿಗ್ಗೆ 10ರ ಮ್ಯಾಚ್ ಅಕ್ಟೋಬರ್‌ವರೆಗೆ ರಾತ್ರಿ 10:30ಕ್ಕೆ, ಆಮೇಲೆ 11:30ಕ್ಕೆ. ಮಧ್ಯಾಹ್ನ 1:25ರದ್ದು ನಡುರಾತ್ರಿ 1:55, ಆಮೇಲೆ 2:55. ಭಾನುವಾರ ಸಂಜೆಯದ್ದು ಸೋಮವಾರ ಬೆಳಿಗ್ಗೆ 5:50, ಆಮೇಲೆ 6:50. ಲಂಡನ್‌ನಲ್ಲಿ ಆಡುವ ಅಕ್ಟೋಬರ್ ಮ್ಯಾಚ್‌ಗಳು ಮಾತ್ರ ಸಂಜೆ 7ಕ್ಕೆ, ಊಟದ ಹೊತ್ತಿಗೆ ಸರಿಯಾಗಿ. ಫೆಬ್ರವರಿಯ ಸೂಪರ್ ಬೌಲ್ ಸೋಮವಾರ ಬೆಳಗಿನ ಜಾವ 5ಕ್ಕೆ.

ರಾತ್ರಿ 2:55ಕ್ಕೆ ಏಳುವ ಹುಚ್ಚು ನನಗೆ ಈಗ ಇಲ್ಲ. ಮಲಗಿಬಿಡುತ್ತೇನೆ. ಬೆಳಿಗ್ಗೆ ಕಾಫಿ ಜೊತೆ, ಜಾಹೀರಾತು, ನಿಂತು ಮಾತಾಡುವುದು ಎಲ್ಲ ಕತ್ತರಿಸಿದ ಸುಮಾರು 40 ನಿಮಿಷದ ಆವೃತ್ತಿ ನೋಡುತ್ತೇನೆ. ಗೇಮ್ ಪಾಸ್‌ನಲ್ಲೇ ಇರುತ್ತದೆ. ಹಿಂದಿನ ರಾತ್ರಿಯೇ ಬೇ ಏರಿಯಾದ ಗುಂಪುಗಳನ್ನೆಲ್ಲ ಮ್ಯೂಟ್ ಮಾಡಿ, ಫೋನನ್ನು ಕವುಚಿ ಹಾಕಿ ಮಲಗಬೇಕು. ಎದ್ದ ಮೇಲೆ ನೇರ ಆ್ಯಪ್ ತೆರೆಯಬೇಕು, ಮಧ್ಯೆ ಎಲ್ಲೂ ಕಣ್ಣು ಹಾಯಿಸಬಾರದು.

ಹೋದ ಸಲ ಶಿವಮೊಗ್ಗದಲ್ಲಿ ಇಷ್ಟೆಲ್ಲ ಮಾಡಿ ಬೆಳಿಗ್ಗೆ ಏಳಕ್ಕೆ ಇಯರ್‌ಫೋನ್ ಹುಡುಕುತ್ತಾ ಹಜಾರಕ್ಕೆ ಬಂದೆ. ಅಪ್ಪ ಆಗಲೇ ಸ್ನಾನ ಮುಗಿಸಿ, ಕನ್ನಡಕ ಹಾಕಿಕೊಂಡು, ಫೋನ್ ಹಿಡಿದು ಕೂತಿದ್ದರು. ತಲೆ ಎತ್ತದೆ ಹೇಳಿದರು, "ನಿನ್ನ ನೈನರ್ಸ್ ಸೋತ್ರಂತಲ್ಲೋ. ಥರ್ಡ್ ಅಂಡ್ ಟೂನಲ್ಲಿ ಎಸೀಬಾರ್ದಿತ್ತು. ಬಾ, ಇಡ್ಲಿ ಆರತ್ತೆ."